ದಾಲ್ ಅಂದರೆ ಕಣಿವೆ

ತಂಗಿ ನನ್ನನ್ನು ಕೇಳಿದ್ದು ಒಂದೇ: ಮುಂದಿನ ಸಾಲಿನಲ್ಲಿ ಕೂತು ಕೊನೆಯವರೆಗೂ ಕೇಳಬೇಕು. ನಾನು ಅಷ್ಟನ್ನೂ ಮಾಡಲಿಲ್ಲ.

ನಾನು ಏಳನೆಯ ತರಗತಿಗೆ ಶಾಲೆ ಬಿಟ್ಟವಳು; ಅವ್ವ ಹಾಸಿಗೆ ಹಿಡಿದಾಗ ಒಲೆಯ ಮುಂದೆ ಯಾರಾದರೂ ಬೇಕಿತ್ತು. ತಂಗಿ ಓದಿದಳು. ನಾನು ಮದುವೆಯಾಗಿ ಇಂಗ್ಲೆಂಡಿನ ಲೀಡ್ಸಿಗೆ ಬಂದು ಶಾಲೆಯೊಂದರ ಅಡುಗೆಮನೆಯಲ್ಲಿ ತಟ್ಟೆ ತೊಳೆಯುತ್ತಿದ್ದರೆ, ಅವಳು ನಾರ್ವೆಯ ಒಂದು ಹಳ್ಳಿಯಲ್ಲಿ ನದಿಯ ನೀರು ಅಳೆಯುವ ಎಂಜಿನಿಯರ್ ಆದಳು. ಫೋನ್ ಮಾಡಿದಾಗೆಲ್ಲ ಆ ಊರಿನದೇ ಕಥೆ. ಕಣ್ಣಿಂದ ನೋಡದ ಊರನ್ನು ನಾನು ದ್ವೇಷಿಸತೊಡಗಿದೆ.

ಲೀಡ್ಸಿನ ಹೆಡಿಂಗ್ಲೀ ಬಡಾವಣೆಯ ಚರ್ಚ್ ಹಾಲ್‌ನಲ್ಲಿ ನಮ್ಮ ಕನ್ನಡದವರು ಸೇರುವ ದಿನ, ಆ ಊರಿನ ಬಗ್ಗೆ ಮಾತಾಡಲು ಅವಳನ್ನು ಕರೆದರು. ಹಿಂದಿನ ದಿನವೇ ನಮ್ಮ ಮನೆಗೆ ಬಂದಿಳಿದಳು.

"ಇಂಗ್ಲಿಷಿನ್ಯಾಗ ಅಲ್ಲ ಯಕ್ಕಾ, ಕನ್ನಡದಾಗ ಬರದೇನಿ. ನಿನಗ ತಿಳೀಬೇಕಲ್ಲ" ಎಂದಳು.

ಅದೇ ಚುಚ್ಚಿತು. ದಡ್ಡಿಗೆ ಬಿಡಿಸಿ ಹೇಳುತ್ತಾಳಂತೆ!

ಮರುದಿನ ಹಾಲ್‌ನ ಪರದೆಯ ಮೇಲೆ ಆ ಊರು ಮೂಡಿತು. ಎರಡು ಕಡೆ ಗೋಡೆಯಂಥ ಬೆಟ್ಟ, ನಡುವೆ ಬೂದು ಬಣ್ಣದ ನದಿ, ಅಲ್ಲೊಂದು ಇಲ್ಲೊಂದು ಮರದ ಮನೆ. ಹಿಮ ಕರಗಿ ನದಿ ಉಕ್ಕಿದಾಗ ಒಮ್ಮೆ ಕೆಳಗಿನ ಹೊಲಗಳನ್ನೆಲ್ಲ ತಿಂದುಹಾಕಿತಂತೆ. ಚರ್ಚನ್ನು ಹಲಗೆ ಹಲಗೆಯಾಗಿ ಬಿಚ್ಚಿ ಮೇಲೆ ಕಟ್ಟಿದರಂತೆ. ಹೊಲಮನೆ ಹಿರಿಯ ಮಗನಿಗೆ. ಕಿರಿಯರು ಹಡಗು ಹತ್ತಿ ಅಮೆರಿಕಕ್ಕೆ.

"ಊರಿನ ಹೆಸರಿನ ಕೊನೇಲಿ ದಾಲ್ ಅಂತ ಬರುತ್ತೆ" ಎಂದಳು, ಸಭೆಗೆ ತಕ್ಕ ಬೆಂಗಳೂರು ಕನ್ನಡದಲ್ಲಿ.

"ದಾಲ್ ಅಂದ್ರ ಬ್ಯಾಳಿ!" ನಾನು ಗಟ್ಟಿಯಾಗಿ ಅಂದೆ. "ಇಕಿ ಬ್ಯಾಳಿ ಇಲ್ಲಿ ಬೇಯಂಗಿಲ್ಲ ನೋಡ್ರಿ."

ಇಡೀ ಹಾಲ್ ನಕ್ಕಿತು. ಹಿಂದಿನಿಂದ ಯಾರೋ, "ಒಗ್ಗರಣೆ ಹಾಕಿ ಮೇಡಂ!" ಎಂದರು.

ತಂಗಿ ನನ್ನನ್ನೇ ನೋಡಿದಳು. "ದಾಲ್ ಅಂದರೆ ಕಣಿವೆ" ಎಂದಷ್ಟೇ ಹೇಳಿ, ಹಾಳೆ ಮಡಚಿ ಕೆಳಗಿಳಿದಳು. ಮರುದಿನ ಬೆಳಿಗ್ಗೆ ಮಾತಿಲ್ಲದೆ ಹೊರಟಳು. ಹಾಳೆಗಳು ನನ್ನ ಕಸದ ಬುಟ್ಟಿಯಲ್ಲಿದ್ದವು. ತೆಗೆದು ಡ್ರಾಯರಿಗೆ ತುರುಕಿದೆ, ಓದಲಿಲ್ಲ. ಅವಳೇ ಮೊದಲು ಫೋನ್ ಮಾಡಲಿ ಎಂದು ಎರಡು ಚಳಿಗಾಲ ಬಿಗಿದುಕೊಂಡು ಕೂತೆ. ಅವಳು ಮಾಡಲಿಲ್ಲ.

ಕಳೆದ ತಿಂಗಳು ಡಾಕ್ಟರು ಕಳಿಸಿದ ಕಾಗದ ಹುಡುಕುವಾಗ ಆ ಹಾಳೆಗಳು ಕೈಗೆ ಸಿಕ್ಕವು. ಕೊನೆಯ ಹಾಳೆಯಲ್ಲಿ ಹೀಗಿತ್ತು: "ಕಣಿವೆಯ ಒಂದು ಮಗ್ಗುಲನ್ನು ಬಿಸಿಲ ಕಡೆ ಅನ್ನುತ್ತಾರೆ, ಇನ್ನೊಂದನ್ನು ನೆರಳ ಕಡೆ. ನೆರಳ ಕಡೆಯವರಿಗೆ ಚಳಿಗಾಲವಿಡೀ ಎದುರಿನ ಬಿಸಿಲು ಕಾಣುತ್ತದೆ, ತಾಗುವುದಿಲ್ಲ. ನಮ್ಮ ಮನೆಯಲ್ಲಿ ಬಿಸಿಲ ಕಡೆ ನಾನಿದ್ದೆ. ನೆರಳಲ್ಲಿ ನಿಂತವಳು ಇಲ್ಲೇ, ಮುಂದಿನ ಸಾಲಿನಲ್ಲಿ ಕೂತಿದ್ದಾಳೆ."

ಓದಿದಾಗ ಮೊದಲು ಬಂದದ್ದು ಸಿಟ್ಟೇ. ಇದನ್ನು ಮೊದಲೇ ಹೇಳಿದ್ದರೆ ಏನಾಗುತ್ತಿತ್ತು ಅವಳಿಗೆ? ಹೇಳಲು ಬಿಡದವಳು ನಾನೇ ಎಂದು ಹೊಳೆದದ್ದು ಆಮೇಲೆ.

ಫೋನ್ ಹಚ್ಚಿದೆ. ಎತ್ತಿದಳು. "ಏನು?"

"ಅಲ್ಲಿ ಬಿಸಲು ಬಂದೈತೇನು?"

"ಹವಾಮಾನ ಕೇಳಾಕ ಎರಡು ವರ್ಷ ಬೇಕಾತು ನಿನಗ."

ತಿರುಗಿಸಿ ಕೊಡಲು ನಾಲಿಗೆಯ ತುದಿಯಲ್ಲಿ ಹತ್ತು ಮಾತಿದ್ದವು. ನುಂಗಿದೆ.

"ತಪ್ಪು ನಂದವಾ. ಹೊಟ್ಟಿಕಿಚ್ಚಿಗೆ ನಿನ್ನ ಮಾತು ಕೆಡಿಸಿದೆ. ನನ್ನ ಕ್ಷಮಿಸು."