ಭ್ರಮರಾಂಬಳ ಮನೆಹೆಸರು

ಅಮೆರಿಕದ ಎಡಿಸನ್ನಿನ ನಮ್ಮ ತೆಲುಗು ಅಂಗಡಿಯಲ್ಲಿ ಸೊಪ್ಪುತರಕಾರಿ ನೋಡಿಕೊಳ್ಳುವವಳು ಕೊಲ್ಲಿಪರ ಭ್ರಮರಾಂಬ, ಗಲ್ಲಾದಲ್ಲಿ ಬಿಲ್ಲು ಹಾಕುವವಳು ನಾನು. ಬಾಡಿದ ಸೊಪ್ಪು ಮಾರು ಎಂದ ಮಾಲೀಕನಿಗೇ, "ನಿಮ್ಮನೆಗೆ ಒಯ್ದು ಬೇಯಿಸ್ಕೊಳ್ಳಿ" ಎಂದವಳು ಅವಳು. ಗಂಡ ತೀರಿಕೊಂಡು ವರ್ಷಗಳಾಗಿದ್ದವು. ಅಂಥವಳು ಇದ್ದಕ್ಕಿದ್ದಂತೆ ಶನಿವಾರ ಶನಿವಾರ ಮಲ್ಲಿಗೆ ಮುಡಿಯತೊಡಗಿದಳು.

ಕಾರಣ ವೀರಭದ್ರರಾವ್. ಹೆಂಡತಿ ಸತ್ತ ಮೇಲೆ ಒಲೆ ಹಚ್ಚಲು ಕಲಿತವನು. ಅವಳ ಹತ್ತಿರ ಗೋಂಗೂರ, ಅದೇ ಪುಂಡಿಸೊಪ್ಪು, ಕೊಂಡು, ಮಾಡುವ ಬಗೆ ಕೇಳಿಕೊಂಡು ಹೋಗುತ್ತಿದ್ದ. ಮುಂದಿನ ವಾರ ತಾನು ಮಾಡಿದ ಪಚ್ಚಡಿಯನ್ನು, ಅದೇ ಚಟ್ನಿಯನ್ನು, ಡಬ್ಬಿಯಲ್ಲಿ ತರುತ್ತಿದ್ದ.

"ಇದು ಪಚ್ಚಡಿನಾ? ಸಮುದ್ರಾನೇ ತಂದಿದ್ದೀರಲ್ರೀ!"

"ಹಾಗಾದ್ರೆ ನೀವೇ ಬಂದು ಉಪ್ಪು ಹಾಕಿ."

"ಬರೀ ಉಪ್ಪು ಹಾಕೋಕೆ ಅಷ್ಟು ದೂರ ಯಾರು ಬರ್ತಾರೆ?"

ಬೈಯುತ್ತಲೇ ಡಬ್ಬಿ ಖಾಲಿ ಮಾಡುತ್ತಿದ್ದಳು. ಇಬ್ಬರೂ ಮದುವೆಯಾಗುತ್ತಾರೆ ಅಂತ ನನಗೆ ಖಾತ್ರಿಯಾಗಿತ್ತು. ಖುಷಿಯೂ ಆಗಿತ್ತು.

ಶಿವಪೂಜೆಯಲ್ಲಿ ಕರಡಿ ಬಿಟ್ಟ ಹಾಗೆ ಬಂದಳು ಮಾಣಿಕ್ಯಮ್ಮ. ಬೇಳೆ ಕೊಳ್ಳುವುದು ನೆಪ, ಊರವರ ಮದುವೆ ಕುದುರಿಸುವುದು, ಮುರಿಯುವುದು ಅವಳ ಕಸುಬು. ಭ್ರಮರಾಂಬ ಒಳಗೆ ಮೂಟೆ ಬಿಚ್ಚುತ್ತಿದ್ದಾಗ ವೀರಭದ್ರರಾವನನ್ನು ಹಿಡಿದು ನಿಲ್ಲಿಸಿದಳು.

"ನಿಮ್ಮ ಮನೆಹೆಸರೇನಪ್ಪಾ?"

"ಕೊಲ್ಲಿಪರ."

"ಅಯ್ಯೋ ರಾಮಾ! ಅವಳೂ ಕೊಲ್ಲಿಪರದವಳೇ. ಒಂದೇ ಮನೆಹೆಸರು ಅಂದ್ರೆ ಅಣ್ಣ ತಂಗಿ. ಪಾಪ ಕಟ್ಕೋಬೇಡಿ."

ಆ ಮಹಾರಾಯ ತಲೆಯಾಡಿಸಿ ಹೊರಟುಹೋದ. ಮುಂದಿನ ಶನಿವಾರ ಡಬ್ಬಿಯಿಲ್ಲದೆ ಬಂದು, ಹತ್ತು ಜನರೆದುರು, "ಒಂದು ಕಟ್ಟು ಗೋಂಗೂರ ಕೊಡು ತಂಗೀ" ಎಂದ.

ಭ್ರಮರಾಂಬ ಬಿಳಚಿಕೊಂಡಳು. "ಯಾರ್ರೀ ತಂಗಿ?"

ಅವನು ತಡವರಿಸುತ್ತ ಮಾಣಿಕ್ಯಮ್ಮ ಹೇಳಿದ್ದನ್ನೆಲ್ಲ ಒಪ್ಪಿಸಿದ.

"ಕೊಲ್ಲಿಪರ ನನ್ನ ಸತ್ತ ಗಂಡನ ಮನೆಹೆಸರು ಕಣ್ರೀ! ತಾಳಿ ಜೊತೆ ಬಂದದ್ದು. ನಾನು ಹುಟ್ಟಿದ್ದು ಉಪ್ಪಲಪಾಟಿಯವರ ಮನೇಲಿ. ಯಾರಾದ್ರೂ ಕೇಳಿದ್ರಾ?"

ಎಲ್ಲಿ ಕೇಳುತ್ತಾರೆ! ಮದುವೆಯ ದಿನ ಹೆಣ್ಣಿನ ಹುಟ್ಟುಹೆಸರನ್ನು ಒರೆಸಿ ಹಾಕುವವರೂ ಇವರೇ, ಆಮೇಲೆ ಹಚ್ಚಿದ ಹೆಸರು ಹಿಡಿದು ಅವಳ ದಾರಿಗೆ ಅಡ್ಡ ಮಲಗುವವರೂ ಇವರೇ. ನನಗೆ ಮೈಯೆಲ್ಲ ಉರಿದುಹೋಯಿತು.

ವೀರಭದ್ರರಾವನ ಮುಖ ಅರಳಿತು. "ಹಾಗಾದ್ರೆ ಅಡ್ಡಿ ಇಲ್ಲ ಅಲ್ವಾ?"

"ಇದೆ. ಯಾರೋ ಅಂದ ತಕ್ಷಣ, ನನ್ನ ಒಂದು ಮಾತೂ ಕೇಳದೆ ತಂಗಿ ಮಾಡ್ಕೊಂಡ್ರಲ್ಲ, ಅದೇ ಅಡ್ಡಿ. ನಾಳೆ ಇನ್ಯಾರೋ ಬಂದು ಇನ್ನೇನೋ ಅಂದ್ರೆ ನನ್ನ ಏನು ಮಾಡ್ತೀರಿ, ಅತ್ತೆನಾ?"

ಸಾಲಿನಲ್ಲಿದ್ದವರು ನಕ್ಕರು. ಅವಳು ನಗಲಿಲ್ಲ. ಸೊಪ್ಪು ತೂಗಿ ಕೊಟ್ಟು ಒಳಗೆ ಹೋಗಿ, ಅಕ್ಕಿ ಮೂಟೆಗಳ ನಡುವೆ ಕೂತು ಅತ್ತಳು.

ಮರುವಾರ ಮಾಣಿಕ್ಯಮ್ಮ ತನ್ನ ನಾದಿನಿಯ ಜಾತಕ ಹಿಡಿದು, "ವೀರಭದ್ರರಾವ್ ಬಂದ್ನಾ?" ಎಂದು ನನ್ನ ಗಲ್ಲಾಕ್ಕೇ ಬಂದಳು. ಅವಳ ಬೇಳೆ ಚೀಲವನ್ನು ಹಿಂದಕ್ಕೆ ತಳ್ಳಿ, "ನಿನಗೆ ನಾನು ಬಿಲ್ಲು ಹಾಕಲ್ಲ, ಹೋಗಮ್ಮಾ" ಎಂದೆ.