ಮೈ ನೋಡುವ ಶಾಸ್ತ್ರ

ಕೋವಿಡ್ ಕಳೆದು ಕೊರಿಯನ್ನರ ಸಾರ್ವಜನಿಕ ಸ್ನಾನಗೃಹ ಮತ್ತೆ ತೆರೆದ ಮೇಲೆ, ತಿಂಗಳಿಗೊಂದು ಭಾನುವಾರ ಅಮೆರಿಕದಲ್ಲಿ ನಾವಿರುವ ಮೀರಾ ಮೆಸಾ ಬಡಾವಣೆಯಿಂದ ನಾವು ಮೂವರು ಅಲ್ಲಿಗೆ ಹೋಗತೊಡಗಿದೆವು: ನಾನು, ನನ್ನ ಗೆಳತಿ, ನಮಗಿಂತ ಹಿರಿಯರಾದ ಬೆಂಗಳೂರಿನ ಆಂಟಿ. ಹೆಂಗಸರ ಕಡೆ ಬಟ್ಟೆ ತೊಡುವಂತಿಲ್ಲ. ಮೊದಮೊದಲು ಸತ್ತೇ ಹೋಗುವಷ್ಟು ನಾಚಿಕೆ. ಆಮೇಲೆ ಬಿಸಿನೀರಿನ ತೊಟ್ಟಿಯಲ್ಲಿ ಕುತ್ತಿಗೆವರೆಗೆ ಮುಳುಗಿ, ಒಬ್ಬರ ಬೆನ್ನು ಒಬ್ಬರು ತಿಕ್ಕುತ್ತ, ಮಾತಿನಲ್ಲಿ ಊರವರ ಚರ್ಮವನ್ನೂ ಸುಲಿಯುತ್ತಿದ್ದೆವು.

ನನ್ನ ಪಕ್ಕದ ಮನೆಯ ಉಡುಪಿಯ ಅಕ್ಕ ಮಾತ್ರ ಎಷ್ಟು ಕರೆದರೂ ಬರುತ್ತಿರಲಿಲ್ಲ. ಅವರ ಮಗಳಿಗೂ ಆಂಟಿಯ ಮಗನಿಗೂ ಮದುವೆ ಮಾತುಕತೆ ನಡೆದಿತ್ತು. ಬೀಗಿತ್ತಿಯರ ನಡುವೆ ಸಲುಗೆ ಬೆಳೆಯಲಿ ಎಂದು ನಾನೇ ಬಲವಂತ ಮಾಡಿದೆ.

"ಅಲ್ಲಿ ಯಾರೂ ಯಾರನ್ನೂ ನೋಡಲ್ಲ, ಬನ್ನಿ ಅಕ್ಕಾ" ಎಂದೆ.

ಬಂದರು. ಟವೆಲ್ ತೆಗೆದರು. ಸೊಂಟದಿಂದ ತೊಡೆಯವರೆಗೆ ಬಿಳಿ ಮಚ್ಚೆಗಳು. ತೊನ್ನು ಎಂಬ ಮಾತನ್ನು ಯಾರೂ ಆಡಲಿಲ್ಲ. ಅಕ್ಕ ನೀರಿಗಿಳಿದದ್ದೇ ತಡ, "ಬಿಸಿ ಜಾಸ್ತಿ ಆಯ್ತು" ಎಂದು ಆಂಟಿ ಎದ್ದರು. ಹಿಂದೆಯೇ ಗೆಳತಿ. ನಾನೂ ಎದ್ದೆ. ನಾನು ಫಾರ್ಮಸಿಸ್ಟ್; ಅದು ಅಂಟುವುದಿಲ್ಲವೆಂದು ಕೌಂಟರಿನಲ್ಲಿ ನಿಂತು ಎಷ್ಟೋ ಜನರಿಗೆ ಹೇಳಿದವಳು. ಓದಿದ್ದೆಲ್ಲ ಹೊಳೆಯಲ್ಲಿ ಹುಣಸೆಹಣ್ಣು ತೊಳೆದ ಹಾಗಾಯಿತು. ಅಷ್ಟು ದೊಡ್ಡ ತೊಟ್ಟಿಯಲ್ಲಿ ಅಕ್ಕ ಒಬ್ಬರೇ ಕೂತಿದ್ದರು.

ಮರುದಿನ ಆಂಟಿ, ಜಾತಕ ಕೂಡಿಬರಲಿಲ್ಲವೆಂದು ಅಕ್ಕನಿಗೆ ಹೇಳಿ ಕಳಿಸಿದರು. ಜಾತಕವನ್ನು ಅವರು ಕೇಳಿಯೇ ಇರಲಿಲ್ಲ.

ಅಕ್ಕ ನನ್ನ ಮನೆಗೆ ಬಂದರು. ಅಳಲಿಲ್ಲ.

"ನನ್ನ ಮಗಳಿಗೆ ಒಂದು ಚುಕ್ಕೆಯೂ ಇಲ್ಲ ಮಾರಾಯ್ತಿ. ಅವಳನ್ನೂ ಅಲ್ಲಿಗೆ ಕರ್ಕೊಂಡು ಬರ್ತೇನೆ. ಅವರೇ ನೋಡ್ಲಿ."

ಬೇಡ ಎನ್ನಬೇಕಿತ್ತು. ನಾನು ಆಂಟಿಗೆ ಫೋನ್ ಮಾಡಿ ಯಾವ ಭಾನುವಾರ ಆಗುತ್ತದೆ ಎಂದು ಕೇಳಿದೆ. ಇವತ್ತಿಗೂ ಅದನ್ನು ನೆನೆದರೆ ನನ್ನ ಮೇಲೆ ನನಗೇ ಹೇಸಿಗೆ.

ಹುಡುಗಿಗೆ ಏನೂ ಗೊತ್ತಿರಲಿಲ್ಲ. ನಗುತ್ತ ಬಂದಳು. "ದಿಸ್ ಈಸ್ ಸೋ ನೈಸ್, ಆಂಟಿ" ಎನ್ನುತ್ತ ತೊಟ್ಟಿಗಿಳಿದಳು, ಎದ್ದಳು, ಕೈಯೆತ್ತಿ ಕೂದಲು ಕಟ್ಟಿಕೊಂಡಳು. ನಾವು ಮೂವರೂ ಕಂಕುಳಿನಿಂದ ಹಿಮ್ಮಡಿಯವರೆಗೆ ನೋಡಿದೆವು. ಎಲ್ಲೂ ಏನೂ ಇರಲಿಲ್ಲ. ಅಕ್ಕ ನೀರಿಗಿಳಿಯದೆ, ಟವೆಲ್ ಸುತ್ತಿಕೊಂಡು ಬಾಗಿಲ ಬಳಿ ನಿಂತು ಆಂಟಿಯ ಮುಖವನ್ನೇ ನೋಡುತ್ತಿದ್ದರು.

ವಾಪಸು ಹೊರಟಾಗ ನಮ್ಮ ಕಾರಿನಲ್ಲಿ ನಾವು ಮೂವರೇ. ಆಂಟಿ ಹೇಳಿದರು: "ಮೈಯೇನೋ ಚೆನ್ನಾಗಿದೆ. ಆದ್ರೆ ಮುಂದೆ ಬರಲ್ಲ ಅಂತ ಏನ್ ಗ್ಯಾರಂಟಿ?"

ಇಬ್ಬರೂ ನನ್ನ ಕಡೆ ತಿರುಗಿದರು.

"ಗ್ಯಾರಂಟಿ ಹೇಳೋಕಾಗಲ್ಲ" ಎಂದೆ.