ಮೇಜಿನ ಕೊನೆಯ ಕುರ್ಚಿ ಮತ್ತು ಡಾರ್ಕಸ್ ವಾಸ್ಪರ್

ರಾಣಿಯ ಹೆಸರಿನಲ್ಲಿ ಗ್ಲಾಸೆತ್ತುವಾಗ ಎದ್ದು ನಿಲ್ಲುವುದು ಮರ್ಯಾದಸ್ಥರ ಲಕ್ಷಣವೆಂದು ಆಂಬ್ರೋಸ್ ಪಿನಕ್‌ಗೆ ಅವನ ತಾಯಿ ಕಲಿಸಿದ್ದಳು. ಹಾಗಾಗಿ ಹಾಲ್ವೆಲ್ ಮನೆಯ ವಾರ್ಷಿಕ ಭೋಜನದಲ್ಲಿ ಅವನು ಎಲ್ಲರಿಗಿಂತ ಮೊದಲು, ಎಲ್ಲರಿಗಿಂತ ರಭಸವಾಗಿ ಎದ್ದ. ಬೇರೆ ಯಾರೂ ಏಳಲಿಲ್ಲವೆಂಬುದು ಅವನ ಗಮನಕ್ಕೆ ಬರುವ ಮೊದಲೇ ಸೂರಿನ ತೊಲೆ ಅವನ ನೆತ್ತಿಗೆ ಆ ಸಂಗತಿಯನ್ನು ಬಡಿದು ಹೇಳಿತು. ಗ್ಲಾಸಿನಲ್ಲಿದ್ದ ವೈನು ಪಕ್ಕದ ವೃದ್ಧೆಯ ಮುತ್ತಿನ ಹಾರಕ್ಕೆ ಅಭಿಷೇಕವಾಯಿತು.

"ನೌಕಾಪಡೆಯೋರು ಕೂತೇ ಕುಡೀತಾರೆ ಪಿನಕ್," ಎಂದರು ಮೇಜಿನ ಆ ತುದಿಯಲ್ಲಿದ್ದ ಸರ್ ಎವರಾರ್ಡ್. "ಹಳೇ ಹಡಗಲ್ಲಿ ಎದ್ದು ನಿಂತೋರಿಗೆ ಏನಾಗ್ತಿತ್ತು ಅಂತ ಈಗ ಗೊತ್ತಾಯ್ತಲ್ಲ. ನಿಮ್ಮ ಪುಸ್ತಕದಲ್ಲಿ ಹಾಕ್ಕೊಳ್ಳಿ."

ಪುಸ್ತಕವೆಂದರೆ ಹಾಲ್ವೆಲ್ ಮನೆತನದ ಚರಿತ್ರೆ. ಪಿನಕ್ ಅದಕ್ಕೆ ಮೊದಲು ಬರೆದಿದ್ದ ಎರಡು ಹಾಸ್ಯ ಪುಸ್ತಕಗಳನ್ನು ಓದಿ ಯಾರೂ ನಕ್ಕಿರಲಿಲ್ಲ. ಆದ್ದರಿಂದ ಗಂಭೀರ ಚರಿತ್ರೆಗೆ ಇವನೇ ತಕ್ಕವನೆಂದು ಸರ್ ಎವರಾರ್ಡ್ ತೀರ್ಮಾನಿಸಿದ್ದರು. ಡಾರ್ಟ್ ನದಿಯ ದಂಡೆಯ ಆ ಮನೆಯಿಂದ ಏಳು ತಲೆಮಾರು ಸಮುದ್ರಕ್ಕೆ ಹೋಗಿತ್ತು. ಮೊದಲನೆಯವನು ಒಂದು ಯುದ್ಧದಲ್ಲಿ ತನಗಿಂತ ಹಿರಿಯರೆಲ್ಲ ಉರುಳಿ ತಾನೊಬ್ಬನೇ ನಿಂತಿದ್ದನೆಂಬ ಕಾರಣಕ್ಕೆ 'ಸರ್' ಆದ. ಎರಡನೆಯವನು ಹಡಗನ್ನು ಮರಳದಿಣ್ಣೆಗೆ ಹತ್ತಿಸಿದ. ಬೆನ್ನಟ್ಟಿ ಬಂದ ಶತ್ರುವೂ ಅದೇ ದಿಣ್ಣೆಗೆ ಹತ್ತಿದ್ದರಿಂದ ಬಡ್ತಿ ಪಡೆದ. ಮೂರನೆಯವನು ಊಟದ ಕೋಣೆಯನ್ನು ಹಡಗಿನ ಕೋಣೆಯ ಹಾಗೆ ಕಟ್ಟಿಸಿ, ತೊಲೆಗಳನ್ನೂ ಅದೇ ಎತ್ತರಕ್ಕೆ ಇಳಿಸಿದ. ನಾಲ್ಕನೆಯವನು ಹಡಗು ಸಿಗದ ಅಧಿಕಾರಿಗಳಿಗೆ ಕೊಡುತ್ತಿದ್ದ ಅರ್ಧ ಸಂಬಳದಲ್ಲಿ ಮನೆಯಲ್ಲೇ ಕೂತು ಗುಲಾಬಿ ಬೆಳೆದ. ಮೇಲಿನವರು ಸತ್ತಂತೆಲ್ಲ ಕೆಳಗಿನವರು ಮೇಲೇರುವುದು ಆಗಿನ ಪದ್ಧತಿ. ಗುಲಾಬಿ ಗಿಡದ ಬುಡದಲ್ಲಿ ಕೂತಿದ್ದಂತೆಯೇ ಅವನು ಅಡ್ಮಿರಲ್ ಆಗಿಬಿಟ್ಟ. ಇವರೆಲ್ಲರ ವಂಶದ ಕುಡಿಯಾದ ಸರ್ ಎವರಾರ್ಡ್ ನಿಜಕ್ಕೂ ಒಳ್ಳೆಯ ನಾವಿಕರಾಗಿದ್ದರು. ಚರಿತ್ರೆಕಾರನಿಗೆ ಅದೇ ದೊಡ್ಡ ತೊಡಕಾಗಿತ್ತು.

ನೆತ್ತಿ ಹಿಡಿದುಕೊಂಡು ಪಿನಕ್ ಅಡುಗೆಮನೆ ಸೇರಿದ. ಅಲ್ಲಿ ಅಡುಗೆಯವಳು ಡಾರ್ಕಸ್ ವಾಸ್ಪರ್ ಏನೂ ಕೇಳದೆ, ಹೆಪ್ಪುಗಟ್ಟಿದ ಬಟಾಣಿಯ ಪೊಟ್ಟಣವನ್ನು ಅವನ ತಲೆಯ ಮೇಲೆ ಕುಕ್ಕಿದಳು.

"ಕೂತ್ಕೊ ನನ್ನ ರಾಜಾ," ಎಂದಳು. ಡೆವನ್ ಸೀಮೆಯಲ್ಲಿ ಹೆಂಗಸರು ಹಾಲಿನವನಿಂದ ಹಿಡಿದು ಪಾದ್ರಿಯವರೆಗೆ ಎಲ್ಲರನ್ನೂ ಹೀಗೇ ಕರೆಯುತ್ತಾರೆ. ಲಂಡನ್ನಿನಿಂದ ಬಂದ ಹೊಸದರಲ್ಲಿ ಪಿನಕ್ ಇದನ್ನು ಬೇರೆ ಅರ್ಥದಲ್ಲಿ ತೆಗೆದುಕೊಂಡು ಎರಡು ದಿನ ಕ್ಷೌರ ಮಾಡಿಕೊಂಡು ಓಡಾಡಿದ್ದ.

ಅಂದಿನಿಂದ ಮೇಲಿನ ಮಹಡಿಯ ಅಡ್ಮಿರಲುಗಳ ಕಾಗದಪತ್ರಗಳಿಗಿಂತ ಕೆಳಗಿನ ಅಡುಗೆಮನೆಯೇ ಅವನಿಗೆ ಹಿತವಾಯಿತು. ಡಾರ್ಕಸ್ ಹುಟ್ಟಿದ್ದು ಡೆವನ್‌ಪೋರ್ಟಿನ ಹಡಗುಕಟ್ಟೆಯ ಗೋಡೆಗೆ ಆತುಕೊಂಡ ಓಣಿಯಲ್ಲಿ. ತಂದೆ ಹಗ್ಗ ಹೊಸೆಯುವವನು. ಅಜ್ಜ ಹಡಗಿನ ಹೊಟ್ಟೆಯಲ್ಲಿ ಕಲ್ಲಿದ್ದಲು ಎಸೆಯುತ್ತಿದ್ದವನು. ಹಾಲ್ವೆಲ್‌ಗಳು ಹಡಗಿನ ಮೇಲೆ ನಿಂತು ಆಜ್ಞೆ ಕೊಡುತ್ತಿದ್ದ ಕಾಲಕ್ಕೆಲ್ಲ ಇವಳ ಕಡೆಯವರು ಕೆಳಗೆ ನಿಂತು ಆ ಹಡಗು ಮುಂದೆ ಹೋಗುವಂತೆ ನೋಡಿಕೊಳ್ಳುತ್ತಿದ್ದರು. ಇವಳಿಗೆ ಮಾತ್ರ ನೀರೆಂದರೆ ಆಗದು. ನದಿ ದಾಟುವ ದೋಣಿಯಲ್ಲೂ ಕಣ್ಣು ಮುಚ್ಚಿಕೊಂಡು ನಿಲ್ಲುತ್ತಾಳೆ. ಹದಿಹರೆಯದಲ್ಲಿ ಆಲೂಗಡ್ಡೆ ಸುಲಿಯಲೆಂದು ಈ ಮನೆಗೆ ಬಂದಳು; ಈಗ ಇಡೀ ಮನೆಯೇ ಇವಳ ಕೈಯೂಟಕ್ಕೆ ಕಾಯುತ್ತದೆ. ಗಂಡ ರೆಜ್ ಕೂಡ ಹಡಗಿನ ಬಾಯ್ಲರ್ ಕೆಲಸದಲ್ಲಿದ್ದವನೇ. ಅವನು ಮನೆಯಲ್ಲಿದ್ದದ್ದೇ ಅಪರೂಪವಾದ್ದರಿಂದ ಮದುವೆಯ ಮೊದಲ ವರ್ಷದ ಜಗಳವೊಂದು ಇನ್ನೂ ಮುಗಿದಿಲ್ಲವೆಂದು ಡಾರ್ಕಸ್ ಹೇಳುತ್ತಾಳೆ. ಈಗ ಅವನು ನಿವೃತ್ತ. ಹಿತ್ತಲಲ್ಲಿ ಈರುಳ್ಳಿ ಬೆಳೆದು, ಅವುಗಳ ಜೊತೆ ಮಾತನಾಡುತ್ತಾನೆ.

ಇವರ ಒಬ್ಬಳೇ ಮಗಳು ಟ್ಯಾಮ್ಸಿನ್. ಅಡುಗೆಮನೆಯ ಮೇಜಿನ ಕೆಳಗೆ ಹಿಟ್ಟಿನ ಮುದ್ದೆಯಲ್ಲಿ ದೋಣಿ ಮಾಡಿಕೊಂಡು ಬೆಳೆದವಳು, ಕಿಟಕಿಯಿಂದ ಕಾಣುವ ಗುಡ್ಡದ ಮೇಲಿನ ನೌಕಾ ಕಾಲೇಜಿಗೇ ಸೇರಿ, ಸಬ್ ಲೆಫ್ಟಿನೆಂಟ್ ದರ್ಜೆಯ ಅಧಿಕಾರಿಯಾಗಿ ಹೊರಬಂದಳು.

"ಸರ್ ಎವರಾರ್ಡ್‌ಗೆ ಎಷ್ಟು ಖುಷಿಯಾಗಿರ್ಬೇಕು," ಎಂದ ಪಿನಕ್.

ಡಾರ್ಕಸ್ ಹಿಟ್ಟು ನಾದುವುದನ್ನು ನಿಲ್ಲಿಸಲಿಲ್ಲ. ಮಗಳು ನೌಕಾಪಡೆಗೆ ಸೇರಿದಳೆಂದು ಇವಳು ಹೇಳಿದ ದಿನ ಸರ್ ಎವರಾರ್ಡ್ ನಿಜವಾಗಿಯೂ ಸಂತೋಷಪಟ್ಟಿದ್ದರಂತೆ. ತಾಯಿಯ ಕೈರುಚಿ ಮಗಳಿಗೆ ಬಂದಿದ್ದರೆ ಆ ಹಡಗಿನವರ ಪುಣ್ಯ ಎಂದಿದ್ದರಂತೆ. ಅಡುಗೆಯವಳ ಮಗಳು ಹಡಗಿಗೆ ಹೋಗುವುದು ಅಡುಗೆ ಮಾಡಲಿಕ್ಕೇ ಎಂಬುದರಲ್ಲಿ ಅವರಿಗೆ ಅನುಮಾನವೇ ಹುಟ್ಟಿರಲಿಲ್ಲ. ಆಮೇಲೆ ಪ್ರತಿ ಕ್ರಿಸ್‌ಮಸ್ಸಿಗೂ, ಮಗಳು ಹುಡುಗರಿಗೆ ಏನು ಬೇಯಿಸಿ ಹಾಕುತ್ತಿದ್ದಾಳೆಂದು ಪ್ರೀತಿಯಿಂದ ವಿಚಾರಿಸುತ್ತಾರೆ.

"ನಾನು ಹೇಳ್ಲಾ?" ಎಂದ ಪಿನಕ್.

"ಬೇಡ. ಅವರ ಬಾಯಲ್ಲೇ ಒಂದ್ಸಲ ಅವಳು ಆಫೀಸರ್ ಅಂತ ಬರ್ಬೇಕು. ನನಗೆ ಇರೋದು ಅದೊಂದೇ ಆಸೆ. ಆದ್ರೆ ನಾನು ತುತ್ತು ಮಾಡಿ ಬಾಯಿಗಿಡಬಾರ್ದು, ನೀನೂ ಇಡಬಾರ್ದು. ಹಂಗೆ ಹೇಳಿಸ್ಕೊಂಡ ಮಾತಿಗೆ ಉಪ್ಪಿರಲ್ಲ."

ಪಿನಕ್ ಮಾತು ಕೊಟ್ಟ. ಗುಟ್ಟನ್ನು ಹೊಟ್ಟೆಯಲ್ಲಿಟ್ಟುಕೊಳ್ಳುವ ಅಭ್ಯಾಸ ಅವನಿಗಿರಲಿಲ್ಲ. ವರ್ಷವಿಡೀ ಅಜೀರ್ಣದವನಂತೆ ತಿರುಗಾಡಿದ.

ಇತ್ತ ಸರ್ ಎವರಾರ್ಡರಿಗೆ ಬೇರೆಯದೇ ಕೊರಗು. ಭೋಜನದ ಕೊನೆಯಲ್ಲಿ ವೈನು ಮೇಜನ್ನು ಸುತ್ತಿ ಬಂದ ಮೇಲೆ ಅವರು "ಉಪಾಧ್ಯಕ್ಷರೇ, ರಾಣಿಯವರಿಗೆ" ಎಂದು ಕೂಗಬೇಕು. ಮೇಜಿನ ಕೊನೆಯ ಕುರ್ಚಿಯಲ್ಲಿ ಕೂತ, ಎಲ್ಲರಿಗಿಂತ ಕಿರಿಯನಾದ ನೌಕಾಧಿಕಾರಿಯೇ ಆ ರಾತ್ರಿಯ ಉಪಾಧ್ಯಕ್ಷ; ಅವನು ಅದಕ್ಕೆ ಮರುದನಿ ಕೊಡಬೇಕು. ಆಮೇಲೇ ಉಳಿದವರು ಕುಡಿಯಬೇಕು. ಹಡಗುಗಳಲ್ಲಿ ನಡೆಯುವುದು ಹೀಗೆ, ಈ ಮನೆಯಲ್ಲೂ ಹೀಗೇ. ಆದರೆ ಮೊಮ್ಮಗ ಹ್ಯೂಗೋಗೆ ಸ್ನಾನದ ತೊಟ್ಟಿಯಲ್ಲೂ ತಲೆಸುತ್ತು. ಅವನು ಮೇಕೆ ಹಾಲಿನ ಚೀಸ್ ಮಾಡಿಕೊಂಡು ಸುಖವಾಗಿದ್ದ. ಹೀಗಾಗಿ ಕೊನೆಯ ಕುರ್ಚಿ ಖಾಲಿ. ಸರ್ ಎವರಾರ್ಡ್ ಖಾಲಿ ಕುರ್ಚಿಗೆ ಕೂಗಿ, ತುಸು ಕಾದು, ತಾವೇ ಸಣ್ಣ ದನಿಯಲ್ಲಿ ಮರುದನಿ ಕೊಟ್ಟುಕೊಳ್ಳುತ್ತಿದ್ದರು. ಮರುವರ್ಷದ ಭೋಜನವೇ ಕಡೆಯದು ಎಂದು ಅವರು ಸಾರಿಬಿಟ್ಟರು.

ಆ ಕಡೆಯ ಭೋಜನದ ದಿನ ಬಡಿಸುವ ಹುಡುಗಿಯರಿಬ್ಬರೂ ಜ್ವರವೆಂದು ಮಲಗಿದರು. ರಜೆಯಲ್ಲಿ ಮನೆಗೆ ಬಂದಿದ್ದ ಟ್ಯಾಮ್ಸಿನ್ ಏಪ್ರನ್ ಕಟ್ಟಿಕೊಂಡು ನಿಂತಳು. ಅಂಥ ದಿನ ಮಗಳನ್ನು ಆ ಕೋಣೆಗೆ ತಟ್ಟೆ ಹಿಡಿಸಿ ಕಳಿಸುವುದು ಡಾರ್ಕಸ್‌ಗೆ ಇಷ್ಟವಿರಲಿಲ್ಲ. ಬೇಡವೆಂದಳು. ಬೇಡವೆಂದರೆ ಕೋಳಿ ತಾನಾಗಿ ನಡೆದುಕೊಂಡು ಹೋಗುತ್ತದೆಯೇ ಎಂದು ಮಗಳು ಕೇಳಿದಳು. ಡಾರ್ಕಸ್‌ಳ ಜೀವಮಾನದಲ್ಲೇ ಮೊದಲ ಬಾರಿಗೆ ಅಂದು ಸಾರು ತಳ ಹಿಡಿಯಿತು.

ಪಿನಕ್ ಈ ಸಲ ಕುರ್ಚಿಯನ್ನು ಎರಡೂ ಕೈಯಲ್ಲಿ ಹಿಡಿದು ಕೂತಿದ್ದ. ವೈನು ಸುತ್ತು ಬಂತು. ಟ್ಯಾಮ್ಸಿನ್ ಖಾಲಿ ಕುರ್ಚಿಯ ಹಿಂದೆ ಎಂಜಲು ತಟ್ಟೆಗಳನ್ನು ಹಿಡಿದು ನಿಂತಿದ್ದಳು. ಡಾರ್ಕಸ್ ಚೀಸಿನ ಹಲಗೆಯೊಡನೆ ಬಾಗಿಲಲ್ಲಿದ್ದಳು.

"ಉಪಾಧ್ಯಕ್ಷರೇ, ರಾಣಿಯವರಿಗೆ," ಎಂದರು ಸರ್ ಎವರಾರ್ಡ್.

ಇಡೀ ವರ್ಷ ತನ್ನ ಹಡಗಿನ ಅಧಿಕಾರಿಗಳಲ್ಲಿ ಟ್ಯಾಮ್ಸಿನ್ನೇ ಅತ್ಯಂತ ಕಿರಿಯಳು. ಪ್ರತಿ ಭೋಜನದಲ್ಲೂ ಈ ಕೂಗಿಗೆ ಓಗೊಡುವುದು ಅವಳದೇ ಪಾಳಿ. ನಾಲಿಗೆ ಬುದ್ಧಿಯನ್ನು ಕೇಳದೆ ಹೊರಟುಬಿಟ್ಟಿತು.

"ಮಹನೀಯರೇ, ಮಹಿಳೆಯರೇ, ರಾಣಿಯವರಿಗೆ."

ಸ್ಪಷ್ಟ ದನಿ. ಆಮೇಲೆ ಅವಳ ಮುಖ ಬೀಟ್‌ರೂಟಿನಂತಾಯಿತು. ಯಾರೂ ಗ್ಲಾಸ್ ಮುಟ್ಟಲಿಲ್ಲ. ಡಾರ್ಕಸ್ ಹಲಗೆಯನ್ನು ಎದೆಗೆ ಅವುಚಿಕೊಂಡಳು. ಹ್ಯೂಗೋನ ಚೀಸ್ ಅವಳ ಬಿಳಿ ರವಿಕೆಗೆ ಅಂಟಿಕೊಂಡಿತು.

ಸರ್ ಎವರಾರ್ಡ್ ಕನ್ನಡಕ ಸರಿಮಾಡಿಕೊಂಡು ಅವಳನ್ನು ನೋಡಿದರು. ಅಡುಗೆಯವರು ಈ ಮಾತನ್ನು ಹೇಳುವುದಿಲ್ಲ. ಹೇಳಿದರೂ ಈ ದನಿಯಲ್ಲಿ ಹೇಳುವುದಿಲ್ಲ. ಯಾವ ಹಡಗು ಎಂದು ಕೇಳಿದರು; ಹೇಳಿದಳು. ಅಲ್ಲಿ ಏನು ಕೆಲಸ ಎಂದರು. ರಾತ್ರಿ ಪಾಳಿಯಲ್ಲಿ ಹಡಗನ್ನು ದಾರಿಯಲ್ಲಿಡುವುದು ಎಂದಳು.

"ಮಿಸೆಸ್ ವಾಸ್ಪರ್," ಎಂದರು ಮುದುಕರು, ಮಗಳಿಂದ ಕಣ್ಣು ಕೀಳದೆ. "ಇವಳು ಅಡುಗೆ ಮಾಡ್ತಾಳೆ ಅಂದಿದ್ರಿ."

"ನೀವಂದಿದ್ದು, ಸರ್ ಎವರಾರ್ಡ್. ನಾನು ಇಲ್ಲ ಅನ್ಲಿಲ್ಲ ಅಷ್ಟೇ."

"ಇಷ್ಟು ವರ್ಷ ನಾನು ಕತ್ತೆ ಥರ ಮಾತಾಡ್ತಿದ್ದೆ, ನೀವು ಸುಮ್ನೆ ಕೇಳಿಸ್ಕೊಂಡ್ರಿ."

"ಅಭ್ಯಾಸ ಸರ್."

ಮುದುಕರ ಮೀಸೆ ಅಲುಗಿತು. ಅದು ನಗುವೋ ಬೇರೇನೋ ಪಿನಕ್‌ಗೆ ಗೊತ್ತಾಗಲಿಲ್ಲ. ಅವರು ಮೇಜನ್ನು ಗುದ್ದಿದರು. "ಹ್ಯೂಗೋ, ನಿನ್ನ ಚೀಸ್ ಆಮೇಲೆ ನೋಡ್ಕೊ. ಆಫೀಸರ್ ನಿಂತಿದಾರೆ, ಕುರ್ಚಿ ಎಳಿ. ಇದೇನಮ್ಮ ಇದು, ನೌಕಾಪಡೇಲಿದ್ದುಕೊಂಡು ನಿಂತ್ಕೊಂಡು ಹೇಳೋದು? ಕೂತು ಇನ್ನೊಂದ್ಸಲ ಹೇಳು. ಮುಂದಿನ ವರ್ಷ ನಾನೇ ನೆನಪು ಮಾಡೋ ಹಾಗಾಗಬಾರ್ದು."

ಎಂಜಲು ತಟ್ಟೆಗಳನ್ನು ಹ್ಯೂಗೋ ಇಸಿದುಕೊಂಡ. ಟ್ಯಾಮ್ಸಿನ್ ಏಪ್ರನ್ನಿನಲ್ಲೇ ಕೂತು ಮತ್ತೊಮ್ಮೆ ಹೇಳಿದಳು. ಎಲ್ಲರೂ ಕುಡಿದರು. ಮುಂದಿನ ವರ್ಷ ಎಂಬ ಮಾತನ್ನು ಮೇಜಿನ ಸುತ್ತ ಇದ್ದವರೆಲ್ಲ ಕೇಳಿಸಿಕೊಂಡರು.

ಪಿನಕ್ ಕಣ್ಣೊರೆಸಿಕೊಳ್ಳುತ್ತ ಅಡುಗೆಮನೆಗೆ ಓಡಿದ. ಚರಿತ್ರೆಯ ಕೊನೆಯ ಅಧ್ಯಾಯ ಅವನ ತಲೆಯಲ್ಲಿ ತಾನಾಗಿ ಬರೆದುಕೊಳ್ಳುತ್ತಿತ್ತು. ಅದಕ್ಕೆ ತಾಯಿಯ ಒಂದು ಮಾತು ಬೇಕಿತ್ತು. ಡಾರ್ಕಸ್ ತೋಳು ಮಡಚಿಕೊಂಡು ಪಾತ್ರೆಗಳ ಗುಡ್ಡದ ಮುಂದೆ ನಿಂತಿದ್ದಳು. ಮೇಲಿನಿಂದ ಮಗಳ ನಗು ಕೇಳಿಸುತ್ತಿತ್ತು.

"ಮಿಸೆಸ್ ವಾಸ್ಪರ್, ಅವಳು ಆ ಕುರ್ಚಿಯಲ್ಲಿ ಕೂತಾಗ ನಿಮಗೆ ಏನನ್ನಿಸ್ತು?"

ಡಾರ್ಕಸ್ ತಟ್ಟೆಯೊಂದನ್ನು ನೀರಿನಿಂದ ಎತ್ತಿ, ಹನಿ ಇಳಿಯುವವರೆಗೂ ಹಿಡಿದು ನೋಡಿದಳು.

"ಪಾತ್ರೆ ಒರೆಸೋಕೆ ಒಬ್ರು ಕಮ್ಮಿಯಾದ್ರು ಅನ್ನಿಸ್ತು," ಎಂದಳು. "ಬಟ್ಟೆ ಅಲ್ಲಿದೆ, ತಗೊ."